ಹಬ್ಬದೂಟಕ್ಕೆ ಕೆಂಡದ ಮೇಲಿನ ಕುಂಬಳಕಾಯಿ ಸಿಹಿ ಪಲ್ಯ

ಹಿಂದೂಪುರ, ಕಲ್ಯಾಣದುರ್ಗದ ಕಡೆಯ ಹಳ್ಳಿಗಳಲ್ಲಿ ಮುಂಗಾರಿನಲ್ಲಿ ತಿಪ್ಪೆಯ ಪಕ್ಕದಲ್ಲೋ ಬೇಲಿಯ ಸಾಲಿನಲ್ಲೋ ನಾಲ್ಕು ಕುಂಬಳದ ಬೀಜ ಊರಿದರೆ, ಸಂಕ್ರಾಂತಿಯ ಹೊತ್ತಿಗೆ ಮನೆಗೂ ನೆಂಟರಿಗೂ ಆಗುವಷ್ಟು ಕಾಯಿ ಸಿಗುತ್ತದೆ. ಸಂತೆಗೆ ಹೊತ್ತರೆ ಬಾಡಿಗೆಯೂ ಗಿಟ್ಟದ ವರ್ಷಗಳುಂಟು. ಅಂಥ ಕಾಯಿಯನ್ನು ದನದ ಮುಂದೆ ಹಾಕುವುದಕ್ಕಿಂತ ಹಬ್ಬದ ಎಲೆಗೆ ಬಡಿಸುವುದು ಲೇಸು. ಆದರೆ ಅನೇಕ ಮನೆಗಳಲ್ಲಿ ಈ ಪಲ್ಯ ಒಂದೋ ನೀರುನೀರಾಗುತ್ತದೆ, ಇಲ್ಲವೆ ಹೋಳು ಬೇಯದೆ ಉಳಿಯುತ್ತದೆ. ಇದಕ್ಕೆ ಕಾರಣವೇನು, ಪರಿಹಾರವೇನು ಎಂಬುದನ್ನು ಇಲ್ಲಿ ತಿಳಿಸಿದೆ.

ಮೊದಲು ಕಾಯಿಯ ಆಯ್ಕೆ. ಬೇಕಾದುದು ಸಿಹಿಗುಂಬಳ, ಸಂತೆಯಲ್ಲಿ ತೆಲುಗಿನವರು ಇದನ್ನು ‘ತೀಪಿ ಗುಮ್ಮಡಿ’ ಎನ್ನುತ್ತಾರೆ. ‘ಬೂಡಿದ ಗುಮ್ಮಡಿ’ ಎಂದರೆ ಬೂದುಗುಂಬಳ, ಅದು ಬೇರೆ. ತೊಟ್ಟು ಒಣಗಿ, ಉಗುರು ಒತ್ತಿದರೆ ಸಿಪ್ಪೆಗೆ ಇಳಿಯದಂತಿರುವ ಕಾಯಿ ಬಲಿತದ್ದು. ಎಳೆಯ ಕಾಯಿಯಲ್ಲಿ ನೀರು ಹೆಚ್ಚು, ಸಿಹಿ ಕಡಿಮೆ.

ಕಾಯಿ ಹೆಚ್ಚಿದೊಡನೆ ಒಂದು ಚೂರನ್ನು ಹಸಿಯಾಗಿಯೇ ನಾಲಿಗೆಗೆ ಮುಟ್ಟಿಸಿ ನೋಡಿ. ಕಹಿಯಿದ್ದರೆ ಉಗಿದು ಇಡೀ ಕಾಯಿಯನ್ನು ಎಸೆಯಿರಿ. ಈ ಕಹಿ ಒಂದು ಬಗೆಯ ವಿಷ. ಬೇಯಿಸಿದರೂ ಹೋಗುವುದಿಲ್ಲ, ಬೆಲ್ಲದಲ್ಲಿ ಅಡಗುತ್ತದೆ ಅಷ್ಟೆ. ತಿಂದವರಿಗೆ ವಾಂತಿ ಭೇದಿಯಾಗಬಹುದು. ಅಂಥ ಕಾಯಿಯ ಬೀಜವನ್ನೂ ಇಡಬಾರದು.

ಬೇಕಾದ ಸಾಮಾನು: ಸಿಪ್ಪೆ ತೆಗೆದ ಹೋಳು 1 ಕಿಲೋ, ಪುಡಿ ಬೆಲ್ಲ 150 ಗ್ರಾಂ, ತುಪ್ಪ ಅಥವಾ ಕಡಲೆಕಾಯಿ ಎಣ್ಣೆ 2 ಚಮಚ, ಹುರಿದು ತರಿಯಾಗಿ ಕುಟ್ಟಿದ ಕಡಲೆಕಾಯಿ ಬೀಜ 50 ಗ್ರಾಂ, ಹುರಿದ ಎಳ್ಳು 1 ಚಮಚ, ಏಲಕ್ಕಿ 4, ಚಿಟಿಕೆ ಉಪ್ಪು.

ದಪ್ಪ ತಳದ ಪಾತ್ರೆಗೆ ತುಪ್ಪ ಸವರಿ ಹೋಳು, ಉಪ್ಪು ಹಾಕಿ. ಹಿತ್ತಾಳೆಯದಾದರೆ ಕಲಾಯಿ ಇರಬೇಕು. ನೀರು ಹಾಕಬೇಡಿ, ಹೋಳಿನ ನೀರೇ ಸಾಕು. ಮುಚ್ಚಿ, ಸಣ್ಣ ಉರಿಯಲ್ಲಿ 15ರಿಂದ 20 ನಿಮಿಷ ಬೇಯಿಸಿ. ಬೆರಳಲ್ಲಿ ಒತ್ತಿದರೆ ಹೋಳು ಮೆತ್ತಗಾಗಿರಬೇಕು. ಬೆಲ್ಲ ಹಾಕುವುದು ಆಮೇಲೆ.

ಬೆಲ್ಲವನ್ನು ಮೊದಲೇ ಏಕೆ ಹಾಕಬಾರದು? ಸಿಹಿಯು ಹೋಳಿನ ನೀರನ್ನು ಹೊರಗೆಳೆಯುತ್ತದೆ. ಪಲ್ಯ ನೀರಾಗುವುದು ಹೀಗೆ. ಅಲ್ಲದೆ ಆಲೆಮನೆಯಲ್ಲಿ ಬೆಲ್ಲ ಕಾಯಿಸುವಾಗ ಸುಣ್ಣ ಹಾಕುವುದು ರೂಢಿ. ಸುಣ್ಣದ ಅಂಶ ಹೋಳನ್ನು ಬಿಗಿ ಮಾಡುತ್ತದೆ. ಪೇಠಾ ಮಾಡುವವರು ಬೂದುಗುಂಬಳದ ಹೋಳನ್ನು ಸುಣ್ಣದ ನೀರಿನಲ್ಲಿ ನೆನೆಸುವುದು ಅದು ಕರಗದೆ ಗಟ್ಟಿಯಾಗಿ ನಿಲ್ಲಲೆಂದೇ.

ಬೆಲ್ಲ ಬೆರೆಸಿದ ಮೇಲೆ ಪಾತ್ರೆಯನ್ನು ಕೆಂಡದ ಮೇಲಿಡಿ. ಅಂಚಿರುವ ತಟ್ಟೆ ಮುಚ್ಚಿ ಅದರ ಮೇಲೂ ಒಂದು ಹಿಡಿ ಕೆಂಡ ಹರಡಿ, 15 ನಿಮಿಷ ಬಿಡಿ. ಪಾಕ ಇಂಗಿ ಮೇಲಿನ ಹೋಳು ಕಂದು ಬಣ್ಣಕ್ಕೆ ತಿರುಗುತ್ತದೆ. ಬೂದಿ ಬೀಳದಂತೆ ಮುಚ್ಚಳ ತೆಗೆದು ಕಡಲೆಕಾಯಿ, ಎಳ್ಳು, ಏಲಕ್ಕಿ ಉದುರಿಸಿ. ಮುಚ್ಚಿದ ಕೋಣೆಯಲ್ಲಿ ಕೆಂಡ ಇಡಬೇಡಿ, ಹೊಗೆಗಾಳಿ ಪ್ರಾಣಕ್ಕೆ ಅಪಾಯ. ಗ್ಯಾಸ್ ಒಲೆಯಾದರೆ ಪಾತ್ರೆಯ ಕೆಳಗೆ ಕಬ್ಬಿಣದ ಹೆಂಚು ಇಟ್ಟು, ಮುಚ್ಚಳ ತೆಗೆದು ಪಾಕ ಇಂಗಿಸಿದರಾಯಿತು.

ಕುಂಬಳ ಅಮೆರಿಕ ಖಂಡದಿಂದ ನಮ್ಮಲ್ಲಿಗೆ ಬಂದ ಬೆಳೆ. ಅಲ್ಲಿಯವರೂ ನವೆಂಬರಿನ ಹಬ್ಬದೂಟಕ್ಕೆ ಈ ಜಾತಿಯ ಕಾಯಿಗೆ ಬೆಣ್ಣೆ, ಕಂದು ಸಕ್ಕರೆ ಸವರಿ, ಬೇಕರಿಯಲ್ಲಿರುವಂಥ ಗೂಡಿನಲ್ಲಿಟ್ಟು ಸುಡುತ್ತಾರೆ. ನಮ್ಮ ಮನೆಗಳಲ್ಲಿ ಆ ಕೆಲಸವನ್ನು ಎರಡು ಹಿಡಿ ಕೆಂಡ ಮಾಡುತ್ತದೆ.

ಇದು ಬರಿಯ ಬಾಯಿರುಚಿಯಲ್ಲ. ಕಾಯಿಯ ಹಳದಿ ಬಣ್ಣದ ಅಂಶ ದೇಹದಲ್ಲಿ ‘ಎ’ ಜೀವಸತ್ವವಾಗುತ್ತದೆ. ಅದರ ಕೊರತೆಯಿಂದ ಮಕ್ಕಳಿಗೆ ಇರುಳುಗಣ್ಣು ಬರುತ್ತದೆ. ಜಿಡ್ಡಿನೊಡನೆ ತಿಂದರೆ ಮಾತ್ರ ಅದು ಮೈಗೆ ಚೆನ್ನಾಗಿ ಹತ್ತುವುದರಿಂದ ತುಪ್ಪವನ್ನೋ ಎಣ್ಣೆಯನ್ನೋ ಬಿಡಬಾರದು. ಸಕ್ಕರೆ ಕಾಯಿಲೆಯವರಿಗೆ ಬೆಲ್ಲ ಹಾಕುವ ಮೊದಲೇ ಒಂದಿಷ್ಟು ಬೇರೆ ತೆಗೆದಿಡಿ.

ಉಳಿದ ಕಾಯಿಗೆ ಎರಡು ಅಂಗುಲ ತೊಟ್ಟು ಬಿಟ್ಟು, ಗಾಯವಿಲ್ಲದ್ದನ್ನು ಆರಿಸಿ, ಹುಲ್ಲಿನ ಮೇಲೆ ಒಂದಕ್ಕೊಂದು ತಾಗದಂತೆ ಗಾಳಿಯಾಡುವ ಕಡೆ ಇಡಿ. ಸಂಕ್ರಾಂತಿಗೆ ಮಿಕ್ಕ ಬಲಿತ ಕಾಯಿ ಯುಗಾದಿಯ ಎಲೆಗೂ ಆದೀತು.