ಲೋಕೇಶ್: ಕಂಪನಿಯ ಪರಂಪರೆ ಮತ್ತು ತೆರೆಯ ಅಭಿನಯ

ಕನ್ನಡ ರಂಗಭೂಮಿಯ ಇತಿಹಾಸವನ್ನು ಬರೆಯುವವರು ವೃತ್ತಿ ನಾಟಕ ಕಂಪನಿಗಳನ್ನೂ ಹವ್ಯಾಸಿ ತಂಡಗಳನ್ನೂ ಬೇರೆ ಬೇರೆ ಅಧ್ಯಾಯಗಳಲ್ಲಿ ಇರಿಸುವುದು ರೂಢಿ. ಚಲನಚಿತ್ರಕ್ಕೆ ಮತ್ತೊಂದು ಗ್ರಂಥವೇ ಬೇಕಾಗುತ್ತದೆ. ಈ ವಿಂಗಡಣೆಯಲ್ಲಿ ನಟ ಲೋಕೇಶ್ (1947–2004) ಅವರಂಥವರು ತುಣುಕುಗಳಾಗಿ ಹಂಚಿಹೋಗುತ್ತಾರೆ. ಅವರ ಅಭಿನಯವನ್ನು ಒಂದೇ ಸೂತ್ರದಲ್ಲಿ ನೋಡಲು ಸಾಧ್ಯವೇ ಎಂಬುದು ಪ್ರಸ್ತುತ ಲೇಖನದ ವಿಚಾರ.

ಲೋಕೇಶರ ತಂದೆ ಎಂ.ವಿ. ಸುಬ್ಬಯ್ಯ ನಾಯ್ಡು. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ'ದ (1934) ನಾಯಕನಟರಾದ ಅವರು ಆರ್. ನಾಗೇಂದ್ರರಾಯರೊಡನೆ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿಯನ್ನು ಕಟ್ಟಿ ಬೆಳೆಸಿದವರು. ಲೋಕೇಶರು ತೆರೆಗೆ ಬಂದದ್ದು 'ಭಕ್ತ ಪ್ರಹ್ಲಾದ' (1958) ಚಿತ್ರದ ಬಾಲನಟನಾಗಿ. ಆದರೆ ಪ್ರೌಢ ನಟನಾಗಿ ಅವರಿಗೆ ಹೆಸರು ತಂದ ರಂಗ ತಂದೆಯ ಮಾದರಿಯದಲ್ಲ. 1972ರಲ್ಲಿ ಬೆಂಗಳೂರಿನಲ್ಲಿ ಆರಂಭವಾದ ನಟರಂಗದಂತಹ ಹವ್ಯಾಸಿ ತಂಡದ್ದು. ಸಿ.ಆರ್. ಸಿಂಹ ಅವರು ನಿರ್ದೇಶಿಸಿದ ಮಾಸ್ತಿಯವರ 'ಕಾಕನಕೋಟೆ'ಯಲ್ಲಿ ಕಾಡುಕುರುಬರ ನಾಯಕ ಕಾಚನ ಪಾತ್ರ ಅವರದು. ಪರದೆ, ಹಾರ್ಮೋನಿಯಂ, ಕಂದಪದ್ಯಗಳ ನಡುವೆ ಬೆಳೆದ ಮನೆತನದ ನಟನೊಬ್ಬ ಅವೆಲ್ಲವನ್ನೂ ದೂರವಿರಿಸಿದ ರಂಗಕ್ಕೆ ಬಂದುದು ಸಣ್ಣ ಸಂಗತಿಯಲ್ಲ.

ಇಲ್ಲಿ ಸಂಶೋಧಕನಿಗೆ ಒಂದು ತೊಡಕು ಎದುರಾಗುತ್ತದೆ. ರಂಗದ ಅಭಿನಯ ಪ್ರದರ್ಶನದೊಡನೆಯೇ ಮುಗಿಯುತ್ತದೆ. ಛಾಯಾಚಿತ್ರಗಳು ಭಂಗಿಯನ್ನು ಉಳಿಸಬಲ್ಲವೇ ಹೊರತು ಧ್ವನಿಯ ಏರಿಳಿತವನ್ನಲ್ಲ. ಅದೃಷ್ಟವಶಾತ್ ಸಿಂಹ ಅವರೇ 1977ರಲ್ಲಿ 'ಕಾಕನಕೋಟೆ'ಯನ್ನು ಚಿತ್ರವಾಗಿಸಿದರು, ಕಾಚನಾಗಿ ಲೋಕೇಶರೇ ನಟಿಸಿದರು. ಚಿತ್ರವನ್ನು ನಾಟಕದ ದಾಖಲೆಯೆಂದು ಪರಿಗಣಿಸುವುದು ಸರಿಯಲ್ಲ. ಕ್ಯಾಮರಾ ನಟನ ಅಳತೆಯನ್ನೇ ಬದಲಿಸುತ್ತದೆ. ಆದರೂ ರಂಗದ ಕಾಚನ ಕುರಿತು ನಮಗೆ ದೊರೆಯುವ ಸಾಕ್ಷ್ಯಗಳಲ್ಲಿ ಇದು ಮುಖ್ಯವಾದುದು. ಚಿತ್ರಮಂದಿರದ ಲಾಭನಷ್ಟವನ್ನು ಬದಿಗಿಟ್ಟು, ಇಂಥ ಚಿತ್ರಗಳ ಉತ್ತಮ ಪ್ರತಿಗಳನ್ನು ಗ್ರಂಥಾಲಯಗಳು ಸಂಗ್ರಹಿಸಬೇಕಾದುದು ಈ ಕಾರಣಕ್ಕಾಗಿ.

ಇದಕ್ಕೆ ಮೊದಲೇ ಸಿದ್ಧಲಿಂಗಯ್ಯನವರ 'ಭೂತಯ್ಯನ ಮಗ ಅಯ್ಯು' (1974) ತೆರೆಕಂಡಿತ್ತು. ಗೊರೂರರ ಕಥೆಯನ್ನಾಧರಿಸಿದ ಈ ಚಿತ್ರದಲ್ಲಿ ಜಿಪುಣ ಸಾಹುಕಾರನ ಮಗನಾಗಿ, ತಂದೆ ಗಳಿಸಿಟ್ಟ ಊರಿನ ದ್ವೇಷಕ್ಕೆ ವಾರಸುದಾರನಾಗುವ ಅಯ್ಯುವನ್ನು ಲೋಕೇಶರು ಖಳನನ್ನಾಗಿಯೂ ಮಾಡಲಿಲ್ಲ, ಆದರ್ಶ ಪುರುಷನನ್ನಾಗಿಯೂ ಮಾಡಲಿಲ್ಲ. ವಿಷ್ಣುವರ್ಧನರ ಗುಳ್ಳ ಸಿಡಿಯುವ ಸ್ವಭಾವದವನು. ಆ ಎದುರಾಟದಲ್ಲಿ ಅಯ್ಯುವಿನ ಬಿಗುಮಾನ ಮತ್ತಷ್ಟು ಎದ್ದುಕಾಣುತ್ತದೆ.

ಅವರ ಶ್ರೇಷ್ಠ ಪಾತ್ರ ಯಾವುದೆಂದರೆ, ಈ ಲೇಖಕನ ಅಭಿಪ್ರಾಯದಲ್ಲಿ, 'ಪರಸಂಗದ ಗೆಂಡೆತಿಮ್ಮ' (1978). ಶ್ರೀಕೃಷ್ಣ ಆಲನಹಳ್ಳಿಯವರ ಕಾದಂಬರಿಯನ್ನು ಮಾರುತಿ ಶಿವರಾಂ ಚಿತ್ರವಾಗಿಸಿದರು. ಪೇಟೆಯ ಸಾಮಾನನ್ನು ಹಳ್ಳಿಗಳಿಗೆ ಹೊತ್ತು ಮಾರುವ ತಿಮ್ಮ ತಾನು ಮಾರುವ ನಾಗರಿಕತೆ ತನ್ನ ಮನೆಯೊಳಗೇ ಕಾಲಿಟ್ಟಾಗ ದಿಕ್ಕುಗೆಡುತ್ತಾನೆ. ಮುಗ್ಧತೆಯನ್ನು ಅಭಿನಯಿಸುವ ನಟರು ಸಾಮಾನ್ಯವಾಗಿ ಪಾತ್ರವನ್ನು ಪೆದ್ದನನ್ನಾಗಿಸಿ ನಗೆ ಗಿಟ್ಟಿಸುತ್ತಾರೆ. ಲೋಕೇಶರ ತಿಮ್ಮ ವ್ಯಾಪಾರದಲ್ಲಿ ಜಾಣ. ಅವನಿಗೆ ಅರ್ಥವಾಗದಿರುವುದು ಹೆಂಡತಿ ಮರಂಕಿಯ ಮನಸ್ಸು ಮಾತ್ರ. ಹೀಗಾಗಿಯೇ ಅವನ ಕುಸಿತ ಕರುಣೆಯನ್ನಷ್ಟೇ ಅಲ್ಲ, ಗೌರವವನ್ನೂ ಬೇಡುತ್ತದೆ. ಈ ಪಾತ್ರಕ್ಕೆ ರಾಜ್ಯ ಪ್ರಶಸ್ತಿ ಲಭಿಸಿತು.

ಟಿ.ಎಸ್. ನಾಗಾಭರಣರ 'ಬ್ಯಾಂಕರ್ ಮಾರ್ಗಯ್ಯ'ದಲ್ಲಿ (1983) ಆರ್.ಕೆ. ನಾರಾಯಣರ ಮಾರ್ಗಯ್ಯನಾಗಿಯೂ ಅವರು ಅದೇ ಪ್ರಶಸ್ತಿಯನ್ನು ಪಡೆದರು. ಅಯ್ಯು, ತಿಮ್ಮ, ಮಾರ್ಗಯ್ಯ: ಮೂವರ ಬದುಕೂ ಹಣದ ವ್ಯವಹಾರಕ್ಕೆ ಕಟ್ಟುಬಿದ್ದದ್ದು. ಆದರೆ ಒಬ್ಬನ ನಡಿಗೆ ಇನ್ನೊಬ್ಬನಿಗೆ ಹೊಂದದು. ಬಹುಮುಖ ನಟನೆಂಬ ಮಾತನ್ನು ವೇಷಗಳ ವೈವಿಧ್ಯದಿಂದ ಅಳೆಯುವುದು ಸುಲಭ. ಸಮೀಪದ ಪಾತ್ರಗಳ ನಡುವೆ ಈ ಬಗೆಯ ಅಂತರವನ್ನು ಕಾಯ್ದುಕೊಳ್ಳುವುದು ಹೆಚ್ಚು ಕಷ್ಟದ ಕೆಲಸ.

ಆಲನಹಳ್ಳಿಯವರ ಲೋಕಕ್ಕೆ ಲೋಕೇಶರು 1991ರಲ್ಲಿ ಮರಳಿದರು. 'ಭುಜಂಗಯ್ಯನ ದಶಾವತಾರ'ದಲ್ಲಿ ನಾಯಕನಟನ ಹೊಣೆಯೊಡನೆ ನಿರ್ದೇಶನದ ಹೊಣೆಯನ್ನೂ ಹೊತ್ತರು. ಜೊತೆಯಲ್ಲಿ ನಟಿಸಿದವರು ಅವರ ಪತ್ನಿ, ಸ್ವತಃ ರಂಗನಟಿಯಾದ ಗಿರಿಜಾ ಲೋಕೇಶ್.