ಮಾತಿನ ದೀಪಕ್ಕೆ ಎಣ್ಣೆ ಯಾರದು?

ಅಹ್ಮದಾಬಾದಿನಲ್ಲಿ ಚಹಾದ ಗೂಡಂಗಡಿಗೆ ಕೀಟ್ಲಿ ಎನ್ನುತ್ತಾರೆ. ಅಲ್ಲಿನ ವಸ್ತ್ರಾಪುರ ಬಡಾವಣೆಯ ಯಾವುದೇ ಕೀಟ್ಲಿಯ ಮುಂದೆ ಸಂಜೆ ನಿಂತರೂ ಚಹಾದ ಜೊತೆಗೆ ಮಾತೂ ಕುದಿಯುತ್ತಿರುತ್ತದೆ. ಕ್ರಿಕೆಟ್ಟು, ಷೇರುಪೇಟೆ, ಮಗಳ ಮದುವೆ. ಇಷ್ಟೂ ಮಾತನ್ನು ಹಿಡಿದು ಕರೆಂಟು ಮಾಡುವ ಮಾಯದ ಯಂತ್ರವೊಂದು ಇದ್ದಿದ್ದರೆ?

ಈ ಕನಸು ಗುಜರಾತಿಗೆ ಹೊಸದಲ್ಲ. ಅಕ್ಬರನ ಆಸ್ಥಾನದಲ್ಲಿ ತಾನಸೇನ ದೀಪಕ ರಾಗ ಹಾಡಿದಾಗ ದೀಪಗಳು ತಾವಾಗಿ ಹೊತ್ತಿಕೊಂಡವು ಎಂಬ ಕಥೆ ಎಲ್ಲರಿಗೂ ಗೊತ್ತು. ಮುಂದಿನ ಭಾಗವನ್ನು ಹೇಳುವವರು ಗುಜರಾತಿಗಳು. ದೀಪ ಹೊತ್ತಿದವು, ಹಾಡಿದವನ ಮೈಯೂ ಉರಿಯತೊಡಗಿತು. ಆ ಉರಿ ಹೊತ್ತು ಅಲೆದ ತಾನಸೇನ ಕೊನೆಗೆ ವಡನಗರಕ್ಕೆ ಬಂದ. ಅಲ್ಲಿ ತಾನಾ, ರಿರೀ ಎಂಬ ಅಕ್ಕತಂಗಿಯರು ಮಲ್ಹಾರ ಹಾಡಿ, ಮಳೆ ತರಿಸಿ ಅವನನ್ನು ಉಳಿಸಿದರು. ವಡನಗರದಲ್ಲಿ ಇಂದಿಗೂ ಅವರ ಹೆಸರಿನ ಸಂಗೀತೋತ್ಸವ ನಡೆಯುತ್ತದೆ. ಈ ಕಥೆ ಕಟ್ಟಿದವರಿಗೆ ಒಂದು ಸತ್ಯ ತಿಳಿದಿತ್ತು: ದೀಪ ಉರಿಯಬೇಕಾದರೆ ಯಾರಾದರೂ ಎಣ್ಣೆ ಹಾಕಲೇಬೇಕು.

ಲೆಕ್ಕ ಹಾಕಿದರೂ ಅದೇ ಉತ್ತರ. ನಾವು ಸಹಜವಾಗಿ ಆಡುವ ಮಾತಿನ ಸದ್ದಿನಲ್ಲಿರುವುದು ಒಂದು ವ್ಯಾಟಿನ ಲಕ್ಷದಲ್ಲೊಂದು ಪಾಲಿನಷ್ಟು ಶಕ್ತಿ. 2011ರ ಜನಗಣತಿಯಂತೆ ಅಹ್ಮದಾಬಾದ್ ನಗರದ ಜನಸಂಖ್ಯೆ 55 ಲಕ್ಷಕ್ಕೂ ಹೆಚ್ಚು. ಅಷ್ಟೂ ಜನ ಒಟ್ಟಿಗೆ ಮಾತಾಡಿ, ಒಂದು ಹನಿಯೂ ಪೋಲಾಗದಂತೆ ಹಿಡಿದರೂ ಹಳೆಯ ಕಾಲದ ಒಂದು 60 ವ್ಯಾಟಿನ ಬಲ್ಬು ಸರಿಯಾಗಿ ಉರಿಯದು. ಒಬ್ಬನೇ ಮಾತಾಡಿ ಒಂದು ಲೋಟ ಚಹಾದ ನೀರು ಕುದಿಸುವುದಾದರೆ ಬಿಡುವಿಲ್ಲದೆ ಸುಮಾರು 150 ವರ್ಷ ಮಾತಾಡಬೇಕು.

ಹಾಗೆಂದು ಮಾಯದ ಯಂತ್ರ ಬರೀ ಕಲ್ಪನೆಯಲ್ಲ. 1877ರ ಸುಮಾರಿಗೆ ಬಳಕೆಗೆ ಬಂದ ಗ್ರಹಾಂ ಬೆಲ್‌ನ ಫೋನುಗಳಿಗೆ ಬ್ಯಾಟರಿಯೇ ಇರಲಿಲ್ಲ. ಒಂದು ತೆಳ್ಳನೆಯ ಕಬ್ಬಿಣದ ಬಿಲ್ಲೆ, ಅದರ ಹಿಂದೆ ಅಯಸ್ಕಾಂತ, ಸುತ್ತ ತಂತಿಯ ಸುರುಳಿ. ಮಾತಿನ ಸದ್ದಿಗೆ ಬಿಲ್ಲೆ ಅದುರುತ್ತಿತ್ತು, ಸುರುಳಿಯಲ್ಲಿ ವಿದ್ಯುತ್ತು ಹುಟ್ಟುತ್ತಿತ್ತು, ಅದೇ ವಿದ್ಯುತ್ತು ಆ ಕಡೆಯ ಬಿಲ್ಲೆಯನ್ನು ಅದುರಿಸುತ್ತಿತ್ತು. ಹಡಗುಗಳಲ್ಲಿ ಕರೆಂಟು ಹೋದಾಗ ನೆರವಿಗೆ ಬರುವ ಫೋನುಗಳು ಇಂದಿಗೂ ಹೀಗೆಯೇ ಕೆಲಸ ಮಾಡುತ್ತವೆ. ಆದರೆ ದೂರ ಹೆಚ್ಚಿದಂತೆ ಬೆಲ್‌ನ ಫೋನಿನಲ್ಲಿ ದನಿ ಸೊರಗಿತು. ಆಗ ಇಂಗಾಲದ ಮೈಕು ಬಂತು, ಬ್ಯಾಟರಿ ಬಂತು. ಅಲ್ಲಿಂದಾಚೆಗೆ ಮಾತು ನಲ್ಲಿಯ ತಿರುಪಿನಂತಾಯಿತು. ನೀರು ಬರುವುದು ಬೇರೆ ತೊಟ್ಟಿಯಿಂದ.

ಆ ತೊಟ್ಟಿ ಎಷ್ಟು ದೊಡ್ಡದಾಗಬಹುದೆಂದು ನಮ್ಮ ಉತ್ತರ ಕರ್ನಾಟಕದ ಹಳ್ಳಿಗಳು ಕಂಡಿವೆ. 1975ರ ಆಗಸ್ಟ್‌ನಿಂದ ಒಂದು ವರ್ಷ, ಸೈಟ್ ಎಂಬ ಪ್ರಯೋಗದಲ್ಲಿ ಇಸ್ರೋದ ಅಹ್ಮದಾಬಾದ್ ಭೂಕೇಂದ್ರದಿಂದ ಹೊರಟ ಕನ್ನಡದ ಮಾತು 36,000 ಕಿಲೋಮೀಟರ್ ಎತ್ತರದ ಉಪಗ್ರಹಕ್ಕೆ ಹೋಗಿ, ಬಿಜಾಪುರ, ಗುಲ್ಬರ್ಗ, ರಾಯಚೂರು ಜಿಲ್ಲೆಗಳ ಹಳ್ಳಿಗಳಲ್ಲಿ ಇಳಿಯಿತು. ಆರು ರಾಜ್ಯಗಳ 2,400 ಹಳ್ಳಿಗಳಿಗೆ ಟೀವಿ ತಲುಪಿತು. ವಸ್ತ್ರಾಪುರದ ನೆರೆಯ ಬಡಾವಣೆಗೆ ಇಂದಿಗೂ ಸ್ಯಾಟಲೈಟ್ ಎಂದೇ ಹೆಸರು. ಉಪಗ್ರಹದಿಂದ ಹಳ್ಳಿಗೆ ಟೀವಿ ತಲುಪಿಸುವ ಕನಸು ಕಂಡ ವಿಕ್ರಂ ಸಾರಾಭಾಯಿ ಅಹ್ಮದಾಬಾದಿನ ಗಿರಣಿ ಮಾಲೀಕ ಅಂಬಾಲಾಲ್ ಸಾರಾಭಾಯಿಯವರ ಮಗ.

ಅದೇ ಅಂಬಾಲಾಲರ ಎದುರು ನಿಂತ ಕಾರ್ಮಿಕರ ಕಥೆಯಲ್ಲಿ ಮಾತಿನ ಎಣ್ಣೆ ಯಾರದೆಂಬುದು ಎಲ್ಲಕ್ಕಿಂತ ಸ್ಪಷ್ಟವಾಗಿ ಕಾಣುತ್ತದೆ. 1918ರ ಫೆಬ್ರುವರಿ, ಮಾರ್ಚ್. ಪ್ಲೇಗಿನ ಕಾಲದಲ್ಲಿ ಕೊಡುತ್ತಿದ್ದ ಬೋನಸ್ ನಿಂತುಹೋದಾಗ, ಕೂಲಿಯಲ್ಲಿ ಶೇ 35 ಹೆಚ್ಚಳ ಸಿಗುವವರೆಗೆ ಕೆಲಸಕ್ಕೆ ಹೋಗುವುದಿಲ್ಲ ಎಂದು ಕಾರ್ಮಿಕರು ಪ್ರತಿಜ್ಞೆ ಮಾಡಿದ್ದರು. ಅವರ ಪರ ನಿಂತವರು ಗಾಂಧೀಜಿ ಮತ್ತು ಅಂಬಾಲಾಲರ ಸ್ವಂತ ಅಕ್ಕ ಅನಸೂಯಾ ಸಾರಾಭಾಯಿ. ಸಾಬರಮತಿಯ ದಂಡೆಯ ಜಾಲಿಮರದ ಕೆಳಗೆ ದಿನವೂ ಸಭೆ, ದಿನವೂ ಮಾತು. ವಾರಗಳು ಉರುಳಿದವು, ಹೊಟ್ಟೆ ಹಸಿಯಿತು, ಮಾತು ತಣ್ಣಗಾಯಿತು. ಗಾಂಧೀಜಿ, ಅನಸೂಯಾಬೆಹನ್ ಕಾರಿನಲ್ಲಿ ಓಡಾಡುತ್ತಾರೆ, ಹೊಟ್ಟೆ ತುಂಬ ಉಣ್ಣುತ್ತಾರೆ ಎಂಬ ಗೊಣಗಾಟ ಎದ್ದಿತು.

ಆ ಗೊಣಗಾಟ ಗಾಂಧೀಜಿಯ ಎದೆಗೆ ನಾಟಿತು. ಮಾರ್ಚ್ 15ರಂದು ಅವರು ಉಪವಾಸ ಆರಂಭಿಸಿದರು. ವಾರಗಳಿಂದ ಆಡಿದ ಅದೇ ಮಾತಿಗೆ ಈಗ ಹೇಳಿದವರ ಹಸಿವು ಜೊತೆಯಾಯಿತು. ಮಾರ್ಚ್ 18ರಂದು ಒಪ್ಪಂದವಾಯಿತು. ಮಧ್ಯಸ್ಥರಾದ ಆನಂದಶಂಕರ ಧ್ರುವ ಕೊನೆಗೆ ಶೇ 35ರ ಹೆಚ್ಚಳವನ್ನೇ ಎತ್ತಿಹಿಡಿದರು. ಎರಡು ವರ್ಷದಲ್ಲಿ ಕಾರ್ಮಿಕರ ಮಜೂರ್ ಮಹಾಜನ ಸಂಘ ಹುಟ್ಟಿತು.

ಹೀಗೆ ಮಾತಿಗೆ ತಾವೇ ಎಣ್ಣೆಯಾದವರು ಮೊದಲೂ ಇದ್ದರು. ವಸ್ತ್ರಾಪುರದ ಕೆರೆಗೆ ಈಗ ಭಕ್ತಕವಿ ನರಸಿಂಹ ಮೆಹ್ತಾರ ಹೆಸರು. ಅವರು ಸಾಲಕ್ಕಾಗಿ ತಮ್ಮ ಕೇದಾರ ರಾಗವನ್ನೇ ಅಡವಿಟ್ಟಿದ್ದರಂತೆ. ಬಿಡಿಸಿಕೊಳ್ಳುವವರೆಗೆ ಹಾಡುವುದಿಲ್ಲ ಎಂದು ಕೊಟ್ಟ ಮಾತನ್ನು, ರಾಜನ ಬೆದರಿಕೆಯಲ್ಲಿ ಪ್ರಾಣ ಹೋಗುವಂತಿದ್ದರೂ ಮುರಿಯಲಿಲ್ಲವಂತೆ. ಕನ್ನಡದಲ್ಲೂ ನಾವು ಮಾತು ಕೊಡುತ್ತೇವೆ, ಮಾತು ಉಳಿಸಿಕೊಳ್ಳುತ್ತೇವೆ, ಸಾಲದ ಹಾಗೆಯೇ.

ಹಬ್ಬದ ವೇದಿಕೆಯಲ್ಲಿ, ಚುನಾವಣೆಯ ಸಭೆಯಲ್ಲಿ, ಮನೆಯ ಮಕ್ಕಳೆದುರು ಮಾತು ಕೊಡುವ ಮುನ್ನ ಒಮ್ಮೆ ಕೇಳಿಕೊಳ್ಳೋಣ: ಇದಕ್ಕೆ ಎಣ್ಣೆ ಹಾಕುವವರು ಯಾರು? ನಾವೇ ಎಂದಾದರೆ ಮಾತ್ರ ಬಾಯಿ ತೆರೆಯೋಣ.