ಗೀಸರಿನ ಸುಣ್ಣಕ್ಕೆ ಟಾಯ್ಲೆಟ್ ಆಸಿಡ್ ಬೇಡ



ಕೊಲ್ಕತ್ತಾದ ಜೋಕಾದಲ್ಲಿ ನಮ್ಮ ಮನೆಯೇ ಅರ್ಧ ಅಡುಗೆಮನೆ. ಬೆಳಗಿನ ಇಡ್ಲಿ ಆರ್ಡರು ಮುಗಿದ ಮೇಲೆ ಜಿಡ್ಡಿನ ಪಾತ್ರೆಗೆ ಬಿಸಿನೀರು ಕೊಡುವುದು ಗೋಡೆಯ ಗ್ಯಾಸ್ ಗೀಸರು. ಫ್ಲಾಟಿಗೆ ಬರುವುದು ಕೊಳವೆಬಾವಿಯ ಗಡಸು ನೀರು. ಕಳೆದ ಚಳಿಗಾಲದಲ್ಲಿ ಧಾರೆ ಸಣ್ಣದಾಯಿತು, ಬಿಸಿಯೂ ಸಾಲದಾಯಿತು. ರಿಪೇರಿಗೆ ಬಂದವರು ಟಾಯ್ಲೆಟ್ ತೊಳೆಯುವ ಆಸಿಡ್ ಸುರಿದರು. ಧಾರೆಯೇನೋ ಸರಿಹೋಯಿತು, ಕೆಲವೇ ದಿನಗಳಲ್ಲಿ ಒಳಗಿನ ತಾಮ್ರದ ಕೊಳವೆ ತೂತಾಗಿ ಗೀಸರನ್ನೇ ಬದಲಿಸಬೇಕಾಯಿತು. ಈ ನಷ್ಟ ಇನ್ನೊಬ್ಬರಿಗೆ ಆಗದಿರಲೆಂದು ಇದನ್ನು ಬರೆಯುತ್ತಿದ್ದೇವೆ.

ಸುಣ್ಣ ಕಟ್ಟುವುದೇಕೆ?

ಗಡಸು ನೀರಿನಲ್ಲಿ ಕರಗಿರುವ ಕ್ಯಾಲ್ಸಿಯಂ ಕಾಯಿಸಿದಾಗ ಕ್ಯಾಲ್ಸಿಯಂ ಕಾರ್ಬನೇಟ್ ಆಗಿ ಲೋಹಕ್ಕೆ ಅಂಟುತ್ತದೆ. ಬಚ್ಚಲ ಹಂಡೆಯೊಳಗಿನ ಬಿಳಿ ಪದರವೂ ಇದೇ. ಹಂಡೆಯನ್ನು ಕೆರೆದು ತೆಗೆಯಬಹುದು. ಆದರೆ ಈ ಗೀಸರಿನಲ್ಲಿ ಟ್ಯಾಂಕಿಲ್ಲ; ನೀರು ಸಣ್ಣ ಕೊಳವೆಯಲ್ಲಿ ಹರಿಯುತ್ತಲೇ ಕಾಯಬೇಕು. ಪದರ ಅಡ್ಡ ಬಂದರೆ ಶಾಖ ನೀರಿಗೆ ಸರಿಯಾಗಿ ತಲುಪದು, ಗ್ಯಾಸ್ ವ್ಯರ್ಥ. ನೀರು 60 ಡಿಗ್ರಿ ದಾಟಿದರೆ ಪದರ ಇನ್ನೂ ಬೇಗ ಕಟ್ಟುತ್ತದೆ.

ತೆಗೆಯುವ ಕ್ರಮ

ಹಾಲು ಒಡೆಯಲು ನಾವು ಬಳಸುವ ಸಿಟ್ರಿಕ್ ಆಸಿಡ್ ಪುಡಿಯೇ ಸಾಕು. 5 ಲೀಟರ್ ಉಗುರುಬೆಚ್ಚಗಿನ ನೀರಿಗೆ 250 ಗ್ರಾಂ. ಕೂಲರಿಗೆ ಹಾಕುವಂಥ ಸಣ್ಣ ಪಂಪು, ಎರಡು ಪೈಪು, ಒಂದು ಬಕೆಟ್ಟು ಬೇಕು.

1. ಸಿಲಿಂಡರಿನ ರೆಗ್ಯುಲೇಟರ್ ಮುಚ್ಚಿ, ಗೀಸರಿನ ಬ್ಯಾಟರಿ ತೆಗೆಯಿರಿ. ನೀರು ಹರಿದೊಡನೆ ಕಿಡಿ ಹಾರುವ ಯಂತ್ರವಿದು. ಈ ಹೆಜ್ಜೆ ತಪ್ಪಿಸಬೇಡಿ.

2. ನೀರಿನ ವಾಲ್ವು ಮುಚ್ಚಿ, ಬಿಸಿನೀರಿನ ನಲ್ಲಿ ತಿರುಗಿಸಿ ಒತ್ತಡ ಇಳಿಸಿ. ಗೀಸರು ತಣ್ಣಗಾದ ಮೇಲೆ ಎರಡೂ ಪೈಪು ಬಿಚ್ಚಿ. ನೀರು ಒಳಹೋಗುವ ಕಡೆ ಇರುವ ಜಾಲರಿಯನ್ನು ತೊಳೆಯಿರಿ. ಕೆಲವೊಮ್ಮೆ ಕಸ ಸಿಕ್ಕಿಕೊಂಡಿರುವುದು ಅಲ್ಲೇ.

3. ಬಕೆಟ್ಟನ್ನು ಸ್ಟೂಲಿನ ಮೇಲಿಡಿ. ಎತ್ತರ ಕಡಿಮೆಯಾದಷ್ಟೂ ಪಂಪಿಗೆ ಹಗುರ. ಪಂಪಿನ ಪೈಪು ನೀರು ಒಳಹೋಗುವ ಬಾಯಿಗೆ, ಇನ್ನೊಂದು ಪೈಪು ಹೊರಬರುವ ಬಾಯಿಯಿಂದ ಮತ್ತೆ ಬಕೆಟ್ಟಿಗೆ.

4. 45 ನಿಮಿಷದಿಂದ 1 ಗಂಟೆ ದ್ರಾವಣ ಸುತ್ತಲಿ. ಮೊದಲು ನೊರೆ ಬರುವುದು ಸುಣ್ಣ ಕರಗುವ ಗುರುತು. ದ್ರಾವಣ ತೀರಾ ಕದಡಿದರೆ ಹೊಸದು ಮಾಡಿಕೊಳ್ಳಿ.

5. ಕೊನೆಗೆ 10 ನಿಮಿಷ ಶುದ್ಧ ನೀರು ಹರಿಸಿ, ಪೈಪು ಬಿಗಿದು, ಸೋರಿಕೆ ಇಲ್ಲವೆಂದು ನೋಡಿದ ಮೇಲೆಯೇ ಬ್ಯಾಟರಿ ಹಾಕಿ ಗ್ಯಾಸ್ ತೆರೆಯಿರಿ.

ಎಚ್ಚರಿಕೆ

ಯಾವ ಆಸಿಡ್ಡನ್ನೂ ಬ್ಲೀಚಿನೊಡನೆ ಬೆರೆಸಬೇಡಿ, ವಿಷಾನಿಲ ಹುಟ್ಟುತ್ತದೆ. ಜ್ವಾಲೆ ನೀಲಿ ಬಿಟ್ಟು ಹಳದಿಯಾಗಿದ್ದರೆ ಅದು ಸುಣ್ಣದ ದೋಷವಲ್ಲ. ಬರ್ನರ್ ಸರಿಯಾಗಿ ಉರಿಯುತ್ತಿಲ್ಲ. ವಾಸನೆಯೇ ಇಲ್ಲದ ಕಾರ್ಬನ್ ಮೊನಾಕ್ಸೈಡ್ ಪ್ರಾಣ ತೆಗೆಯುತ್ತದೆ. ಆಗ ಗೀಸರು ನಿಲ್ಲಿಸಿ, ತಿಳಿದ ಮೆಕ್ಯಾನಿಕ್ಕನ್ನು ಕರೆಸಿ. ಗಾಳಿಯಾಡದ ಬಚ್ಚಲಲ್ಲಿ ಗ್ಯಾಸ್ ಗೀಸರು ಇಡಲೇಬಾರದು.

ನಾವು ಈಗ ಶಾಖವನ್ನು 50 ಡಿಗ್ರಿಯೊಳಗೆ ಇಟ್ಟು, ಆರು ತಿಂಗಳಿಗೊಮ್ಮೆ ಹೀಗೆ ತೊಳೆಯುತ್ತೇವೆ. ಖರ್ಚು ಒಂದು ಪೊಟ್ಟಣ ಪುಡಿ, ಒಂದು ಮಧ್ಯಾಹ್ನದ ಬಿಡುವು.